ನಾಯಿಯಲ್ಲದ ನಾಯಿಗಳ ಊರಲ್ಲಿ

ಕಳೆದ ಜೂನ್‌ನಲ್ಲಿ ಅಮ್ಮನನ್ನು ಕರ್ಕೊಂಡು ಅಮೆರಿಕದ ಸೌತ್ ಡಕೋಟಾದಲ್ಲಿರುವ ಬ್ಯಾಡ್‌ಲ್ಯಾಂಡ್ಸ್ ನ್ಯಾಷನಲ್ ಪಾರ್ಕ್‌ಗೆ ಹೋಗಿದ್ದೆ. ಬಂಡೆಗಳ ಫೋಟೊ ಸಾಕಾಗಿ ಸೇಜ್ ಕ್ರೀಕ್ ರಿಮ್ ರಸ್ತೆಯ ಮಣ್ಣುಹಾದಿ ಹಿಡಿದರೆ ಸಿಕ್ಕಿದ್ದು ರಾಬರ್ಟ್ಸ್ ಪ್ರೇರಿ ಡಾಗ್ ಟೌನ್. ಹೆಸರಿಗಷ್ಟೇ ಡಾಗ್, ನೋಡಿದರೆ ನಮ್ಮ ಅಳಿಲಿನ ದಢೂತಿ ಅಣ್ಣ! ಬೊಗಳಿದಂತೆ ಕೂಗುವುದಕ್ಕೆ ಆ ಹೆಸರು.

ಕಾರಿನಿಂದ ಇಳಿದದ್ದೇ ತಡ, ಒಂದು ಕೂಗಿತು. ಪಕ್ಕದ ದಿಬ್ಬದ್ದು ಎದ್ದು ನಿಂತಿತು. ಕ್ಷಣದಲ್ಲಿ ಇಡೀ ಬಯಲಿಗೇ ಸುದ್ದಿ. ಒಂದು ಗಂಡು, ಮೂರ್ನಾಲ್ಕು ಹೆಣ್ಣು, ಮರಿಗಳು ಸೇರಿದರೆ ಒಂದು ಮನೆತನ. ಎದುರಾದಾಗ ಹಲ್ಲಿಗೆ ಹಲ್ಲು ತಾಗಿಸಿ ಗುರುತು ಹಿಡಿಯುತ್ತವೆ. ಬೇರೆ ಮನೆಯವರಾದರೆ ಜಗಳ. ಹೆಣ್ಣುಗಳು ತವರಲ್ಲೇ ಉಳಿಯುತ್ತವೆ, ಗಂಡುಗಳು ಮನೆ ಬಿಡಬೇಕು. 'ಛಲೋ ಪದ್ಧತಿ ಬಿಡು' ಅಂದ್ಲು ಅಮ್ಮ. ಅದೇ ಹೆಣ್ಣುಗಳು ಬಾಣಂತನದಲ್ಲಿ ಅಕ್ಕತಂಗಿಯರ ಮರಿಗಳನ್ನೇ ಕೊಲ್ಲುವುದುಂಟು ಅನ್ನೋದನ್ನ ನಾನು ಹೇಳಲಿಲ್ಲ.

ಅಮ್ಮ ಬ್ಯಾಗಿನಿಂದ ಶೇಂಗಾ ತೆಗೆದಳು. ಗಾಬರಿಯಾಗಿ ಕೈ ಹಿಡಿದೆ. ತಿನಿಸು ಹಾಕುವಂತಿಲ್ಲ, ಹತ್ತಿರ ಹೋಗುವಂತಿಲ್ಲ. ಇವುಗಳ ಚಿಗಟಗಳಲ್ಲಿ ಪ್ಲೇಗ್ ಇರಬಹುದು.

'ಪ್ಲೇಗಾ? ನಮ್ಮಜ್ಜಿ ಹೇಳ್ತಿದ್ದ ಪ್ಲೇಗಾ?'

ಅದೇ. ಇಲಿ ಸತ್ತು ಬಿದ್ದರೆ ಊರು ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಸುತ್ತಿದ್ದ ಪ್ಲೇಗ್. 1896ಕ್ಕೆ ಮುಂಬೈ, 1898ಕ್ಕೆ ಬೆಂಗಳೂರು ಮುಟ್ಟಿದ ಆ ಮಾರಿ ಹಡಗು ಹತ್ತಿ 1900ಕ್ಕೆ ಸ್ಯಾನ್ ಫ್ರಾನ್ಸಿಸ್ಕೊಗೂ ಹೋಯಿತು. ಅಲ್ಲಿಂದ ಕಾಡಿನ ದಂಶಕಗಳಿಗೆ ದಾಟಿ, ನಿಧಾನವಾಗಿ ಪೂರ್ವಕ್ಕೆ ಸರಿದು, 2008ರಲ್ಲಿ ಈ ಬಯಲಿನ ಪಕ್ಕದ ಕೊನಾಟಾ ಬೇಸಿನ್‌ಗೆ ಬಂತು. ಪ್ರೇರಿ ಡಾಗ್‌ಗಳಿಗೆ ಇದನ್ನು ತಡೆಯುವ ಶಕ್ತಿಯೇ ಇಲ್ಲ, ಊರಿಗೂರೇ ಖಾಲಿಯಾಗುತ್ತೆ. ಹಾಗಾಗಿ ಬಿಲಬಿಲಕ್ಕೂ ಚಿಗಟದ ಪುಡಿ ಊದುತ್ತಾರೆ.

ಇಷ್ಟೊಂದು ಪಾಡು ಯಾಕೆ? ಕಪ್ಪು ಪಾದದ ಫೆರೆಟ್ ಎಂಬ ಪ್ರಾಣಿಗೆ ಇವೇ ಊಟ, ಇವುಗಳ ಬಿಲವೇ ಮನೆ. ನಿರ್ನಾಮವಾಯಿತು ಅಂದುಕೊಂಡಿದ್ದ ಅದು 1981ರಲ್ಲಿ ವಯೋಮಿಂಗ್‌ನಲ್ಲಿ ಮತ್ತೆ ಸಿಕ್ಕಿತು. ಕೊನೆಗುಳಿದ 18ರಿಂದ ಸಂತತಿ ಬೆಳೆಸಿ ಇಲ್ಲೂ ಬಿಟ್ಟಿದ್ದಾರೆ. ಅದು ರಾತ್ರಿ ಸಂಚಾರಿ, ನಮಗೆ ಕಾಣಲಿಲ್ಲ. ಹಳೇ ಬಿಲದ ಬಾಯಲ್ಲಿ ಕೂತಿದ್ದ ಪುಟ್ಟ ಗೂಬೆಯೊಂದು ನಮ್ಮನ್ನೇ ದಿಟ್ಟಿಸುತ್ತಿತ್ತು.

ಸಂಜೆ ಪೆಟ್ರೋಲ್ ಬಂಕ್‌ನಲ್ಲಿ ಸಿಕ್ಕ ದನ ಸಾಕುವವನೊಬ್ಬ, ಹುಲ್ಲೆಲ್ಲ ಇವೇ ತಿಂತಾವೆ, ವಿಷ ಹಾಕೋದೇ ಸರಿ ಅಂದ. ನನಗೆ ಸಿಟ್ಟು ಬಂತು. ಅಮ್ಮನಿಗೆ ಕನ್ನಡದಲ್ಲಿ ಹೇಳಿದೆ.

'ನಮ್ ಶೇಂಗಾ ಹೊಲಕ್ಕ ಇಲಿ ಬಿದ್ರ ನಿಮ್ಮಪ್ಪ ಏನ್ ಪೂಜಿ ಮಾಡ್ತಿದ್ರೇನು?'

ನಾನು ಸುಮ್ಮನಾದೆ. ಮೋಟೆಲ್ ತಲುಪುವವರೆಗೂ ಅಮ್ಮ ಆ ಶೇಂಗಾ ಸುಲಿದು ತಿನ್ನುತ್ತಾ, ಸಿಪ್ಪೆಯನ್ನು ಸೆರಗಿನಲ್ಲಿ ಕೂಡಿಡುತ್ತಿದ್ದಳು.