ಯಾರ ಹೆಸರ ಇಟ್ರಿ?

ವಿಜಯಪುರದ ಕಡೆ ತೊಟ್ಟಿಲ ಕಾರ್ಯಕ್ಕೆ ಹೋದವರು ಕೂಸಿನ ಹೆಸರಿನ ಅರ್ಥ ಕೇಳುವುದಿಲ್ಲ. ಸೋದರತ್ತೆ ಕೂಸಿನ ಕಿವಿಯಲ್ಲಿ ‘ಕುರ್ರ್’ ಎಂದು ಹೆಸರು ಊದಿ, ಬೆನ್ನಿಗೆ ಹೆಂಗಸರ ಗುದ್ದು ತಿಂದು ಎದ್ದ ಮೇಲೆ, ಸಕ್ಕರೆ ಬಾಯಿಗೆ ಹಾಕಿಕೊಳ್ಳುತ್ತ ಎಲ್ಲರೂ ಕೇಳುವುದು ಒಂದೇ: “ಯಾರ ಹೆಸರ ಇಟ್ರಿ?” ಮುತ್ಯಾನದೋ, ಆಯಿಯದೋ, ಮನೆದೇವರದೋ, ಹರಕೆ ಹೊತ್ತ ಗುಡ್ಡದ ದೇವರದೋ, ಅಂತೂ ಅದು ಯಾರದಾದರೂ ಆಗಿರಲೇಬೇಕು. ಯಾರದೂ ಅಲ್ಲದ ಹೆಸರೂ ಇರಬಹುದೆಂಬುದು ನಮ್ಮ ಮಂದಿಗೆ ಮೊನ್ನೆ ಮೊನ್ನೆಯವರೆಗೆ ಗೊತ್ತಿರಲಿಲ್ಲ.

ಈಗ ಗೊತ್ತಾಗಿದೆ. ಹೆಸರು ಎರಡೂವರೆ ಅಕ್ಷರದ್ದಿರಬೇಕು, ಓಣಿಯಲ್ಲಿ ಮತ್ತೊಬ್ಬರಿಗೆ ಇರಬಾರದು, ಅರ್ಥ ‘ಸೂರ್ಯನ ಮೊದಲ ಕಿರಣ’ಕ್ಕಿಂತ ಕಡಿಮೆ ಆಗಬಾರದು. ಹೀಗೆ ಫೋನಿನಲ್ಲಿ ಹುಡುಕಿ ತಂದ ಹೆಸರನ್ನು ಆಯಿ ಎರಡು ಸಲ ಹೇಳಲು ನೋಡುತ್ತಾಳೆ, ನಾಲಿಗೆ ಹೊರಳುವುದಿಲ್ಲ, “ಅಪ್ಪೂ” ಎಂದು ಕರೆದು ಸುಮ್ಮನಾಗುತ್ತಾಳೆ. ನಾನು ಆಯಿಯ ಕಡೆಯವನು. ಹೆಸರಿಗೆ ಅರ್ಥ ಇಲ್ಲದಿದ್ದರೆ ನಡೆದೀತು, ಅದಕ್ಕೆ ಹಿಂದೊಬ್ಬ ಯಜಮಾನ ಇರಬೇಕು.

ಮುತ್ಯಾನ ಹೆಸರು ಮೊಮ್ಮಗನಿಗೆ ಬರುವ ಬಗೆಯನ್ನು ತಿಳಿಯಲು ನಮ್ಮ ರಾಜಕಾರಣಿಗಳ ಇನಿಷಿಯಲ್ ನೋಡಿದರೆ ಸಾಕು. ಹಿಂದೆ ತಿಕೋಟಾದ ಶಾಸಕರಾಗಿದ್ದವರು ಬಿ.ಎಂ. ಪಾಟೀಲ, ಈಗ ಬಬಲೇಶ್ವರದ ಶಾಸಕರಾಗಿರುವ ಅವರ ಮಗ ಎಂ.ಬಿ. ಪಾಟೀಲ. ವಿಜಯಪುರದ ಮೆಡಿಕಲ್ ಕಾಲೇಜಿಗೆ ಇರುವುದು ತಂದೆಯ ಹೆಸರು. ಹೊರಗಿನಿಂದ ಬಂದವರು ಬೋರ್ಡ್ ನೋಡಿ ಅಕ್ಷರ ತಿರುವುಮುರುವಾಗಿದೆ ಎಂದುಕೊಂಡರೆ ತಪ್ಪಿಲ್ಲ. ತಂದೆ ಬಸನಗೌಡ, ಮುತ್ಯಾ ಮಲ್ಲನಗೌಡ, ಆದ್ದರಿಂದ ಮೊಮ್ಮಗನೂ ಮಲ್ಲನಗೌಡ; ಇಷ್ಟೇ ಲೆಕ್ಕ. ಗೌಡರಿಗೆ ಮಾತ್ರವಲ್ಲ, ವಿಜಯಪುರದ ಬಾದಶಹರಿಗೂ ಇದೇ ಲೆಕ್ಕ. ‘ಜಗದ್ಗುರು’ ಎನಿಸಿಕೊಂಡ ಎರಡನೆಯ ಇಬ್ರಾಹಿಂ ಆದಿಲಶಾಹ ಮೊದಲನೆಯ ಇಬ್ರಾಹಿಮನ ಮೊಮ್ಮಗ. ಸಂಗೀತದ ಹುಚ್ಚಿನ ಈ ದೊರೆ ತಂಬೂರಿಗೆ ಮೋತಿಖಾನ್, ಆನೆಗೆ ಆತಶಖಾನ್ ಎಂದು ಹೆಸರಿಟ್ಟಿದ್ದ. ತಂಬೂರಿಗೂ ‘ಖಾನ್’ ಪದವಿ ಕೊಟ್ಟವನ ದರ್ಬಾರಿನಲ್ಲಿ ಸರದಾರರಿಗೆ ಏನನ್ನಿಸಿತ್ತೋ!

ಈ ಪದ್ಧತಿಯಲ್ಲಿ ಪೇಚು ಸೊಸೆಗೆ. ಮಾವನ ಹೆಸರು ಬಾಯಲ್ಲಿ ಹೇಳುವ ಹಾಗಿಲ್ಲ, ಅದೇ ಹೆಸರಿನ ಮಗ ಎದುರಿಗೇ ಹಾಲು ಚೆಲ್ಲುತ್ತಾನೆ. ಬೈಯಬೇಕು, ಹೆಸರು ಹಿಡಿಯಬಾರದು. ಅದಕ್ಕೇ ಹುಡುಗ ಮನೆಯಲ್ಲಿ ‘ಗೌಡಪ್ಪ’, ‘ಸಾವಕಾರ’ ಆಗಿ ಬೆಳೆಯುತ್ತಾನೆ. ಶಾಲೆಗೆ ಸೇರಿದ ದಿನ ಹಾಜರಿ ಕರೆದಾಗ ತನ್ನ ಹೆಸರೇ ತನಗೆ ಹೊಸದು. ಗಂಡನ ಹೆಸರನ್ನಾದರೂ ಮದುವೆಯಲ್ಲಿ ಒಡಪು ಕಟ್ಟಿ ಒಮ್ಮೆ ಹೇಳಬಹುದು. ಮಾವನ ಹೆಸರಿಗೆ ಆ ಸವಲತ್ತೂ ಇಲ್ಲ.

ಇನ್ನು ದೇವರ ಹೆಸರು. ಒಬ್ಬನ ಹೆಸರು ಕೇಳಿದರೆ ಅವನ ಮನೆಯವರು ಯಾವ ಜಾತ್ರೆಗೆ ಬುತ್ತಿ ಕಟ್ಟುತ್ತಾರೆಂದು ಊಹಿಸಬಹುದು. ಅಮೋಗಿ, ಅಮಗೊಂಡ ಎಂದರೆ ಅರಕೇರಿಯ ಅಮೋಘಸಿದ್ಧ. ಮಾಳಪ್ಪ, ಮಾಳವ್ವ ಎಂದರೆ ಹುಲಜಂತಿಯ ಮಾಳಿಂಗರಾಯ. ಸಿದ್ರಾಮಪ್ಪ ಎಂದರೆ ಸೊಲ್ಲಾಪುರದ ಸಿದ್ಧರಾಮ. ಬಸವಣ್ಣ ಹುಟ್ಟಿದ ಬಾಗೇವಾಡಿ ಇದೇ ಜಿಲ್ಲೆಯದಾದ್ದರಿಂದ ಬಸಪ್ಪ, ಬಸವ್ವ, ಬಸವರಾಜರಿಗಂತೂ ಎಣಿಕೆಯಿಲ್ಲ. ಹುಲಜಂತಿ, ಸೊಲ್ಲಾಪುರ ಎರಡೂ ಮಹಾರಾಷ್ಟ್ರದಲ್ಲಿವೆ. ಗಡಿ ಹಾಕಿದವರು ಹೆಸರುಗಳನ್ನು ಕೇಳಿರಲಿಲ್ಲ. ಜತ್ತ ತಾಲೂಕಿನ ಗುಡ್ಡಾಪುರಕ್ಕೆ ಪಾದಯಾತ್ರೆ ಹೋಗುವ ಮನೆಗಳಲ್ಲಿ ದಾನಮ್ಮ ಇದ್ದೇ ಇರುತ್ತಾಳೆ. ತಮಾಷೆಯೆಂದರೆ ಆ ಶರಣೆಗೇ ಅದು ಹುಟ್ಟುಹೆಸರಲ್ಲ. ಉಮರಾಣಿಯಲ್ಲಿ ಹುಟ್ಟಿದಾಗ ಆಕೆ ಲಿಂಗಮ್ಮ. ಕೈಯೆತ್ತಿ ನೀಡಿ ನೀಡಿ ದಾನಮ್ಮ ಆದಳೆಂದು ಭಕ್ತರು ಹೇಳುತ್ತಾರೆ. ಒಬ್ಬಳು ದುಡಿದು ಗಳಿಸಿದ ಹೆಸರನ್ನು ನಾವು ಸಾವಿರಾರು ಕೂಸುಗಳಿಗೆ ಪುಕ್ಕಟೆ ಹಂಚಿದ್ದೇವೆ.

ಹರಕೆಗೆ ಮತದ ಗೋಡೆ ಅಡ್ಡ ಬರುವುದಿಲ್ಲ. ನವಲಗುಂದದ ಹತ್ತಿರದ ಯಮನೂರಿನಲ್ಲಿ ಹರಕೆ ಹೊತ್ತು ಹುಟ್ಟಿದವನು ಒಂದು ಮನೆಯಲ್ಲಿ ಯಮನೂರಪ್ಪ, ಪಕ್ಕದ ಮನೆಯಲ್ಲಿ ಯಮನೂರಸಾಬ. ಇದಕ್ಕೆ ದೊಡ್ಡ ಸಾಕ್ಷಿ ವಿಜಯಪುರದಲ್ಲೇ ಇದೆ. 1880ರಲ್ಲಿ ಧಾರವಾಡದಲ್ಲಿ ಹುಟ್ಟಿ, ವಕೀಲಿಗೆಂದು ಇಲ್ಲಿಗೆ ಬಂದು, ಊರೂರು ತಿರುಗಿ ತಾಳೆಗರಿ ಕೂಡಿಸಿ, ಸ್ವಂತ ಮುದ್ರಣಾಲಯದಲ್ಲಿ ವಚನಗಳನ್ನು ಅಚ್ಚು ಹಾಕಿಸಿದ ಫ.ಗು. ಹಳಕಟ್ಟಿಯವರನ್ನು ವಚನ ಪಿತಾಮಹ ಎನ್ನುತ್ತೇವೆ. ಆ ‘ಫ’ ಎಂದರೆ ಫಕೀರಪ್ಪ. ಅರಬ್ಬಿಯ ಫಕೀರನಿಗೆ ಕನ್ನಡದ ಅಪ್ಪ ಕೂಡಿದ್ದಾನೆ. ಶರಣರ ಮಾತನ್ನು ಗೆದ್ದಲಿನ ಬಾಯಿಂದ ಬಿಡಿಸಿ ತಂದವರ ಹೆಸರೇ ಹೀಗಿರುವಾಗ, ಹೆಸರು ಕೇಳಿ ಮತ ಗುರುತಿಸುತ್ತೇನೆ ಎನ್ನುವವರು ನಮ್ಮ ಕಡೆ ಸ್ವಲ್ಪ ತಡೆದು ಮಾತಾಡುವುದು ಒಳ್ಳೆಯದು.

ಅಡ್ಡಹೆಸರಿನ ಕಥೆಯೇ ಬೇರೆ. ಮೈಸೂರಿನ ಕಡೆ ಅಡ್ಡಹೆಸರೆಂದರೆ ಚೇಷ್ಟೆಗೆ ಕರೆಯುವುದು. ನಮ್ಮಲ್ಲಿ ಅದು ಸರಕಾರಿ ಕಾಗದದ ಮೇಲಿರುವ ಮನೆತನದ ಹೆಸರು. ಊರ ಹೆಸರೇ ಅಡ್ಡಹೆಸರಾದವರು ಬಹಳ. ಆದರೆ ಬಬಲೇಶ್ವರ ಎಂಬ ಅಡ್ಡಹೆಸರಿನವರನ್ನು ಹುಡುಕಿಕೊಂಡು ಬಬಲೇಶ್ವರಕ್ಕೆ ಹೋಗಬೇಡಿ. ಅಲ್ಲಿ ಎಲ್ಲರೂ ಬಬಲೇಶ್ವರದವರೇ, ಹಾಗೆ ಕರೆದು ಏನು ಉಪಯೋಗ? ಯಾರೋ ಒಬ್ಬ ಊರು ಬಿಟ್ಟು ಹೋಗಿ ಬೇರೆ ಕಡೆ ನೆಲೆಸಿದಾಗ ಅಲ್ಲಿಯವರು ಕೊಟ್ಟದ್ದು ಅದು. ಬಿಜಾಪುರೆ ಎಂದು ಹೆಸರಾದ ಹಾರ್ಮೋನಿಯಂ ವಿದ್ವಾಂಸ ರಾಮಭಾವು ಅವರು ಬದುಕಿದ್ದು ಬೆಳಗಾವಿಯಲ್ಲಿ. 2014ರ ನವೆಂಬರ್ 1ಕ್ಕೆ ಬಿಜಾಪುರ ವಿಜಯಪುರವಾಯಿತು. ಬಿಜಾಪುರೆಯವರು ವಿಜಯಪುರೆ ಆಗಲಿಲ್ಲ.

ಬಿಟ್ಟುಬಂದ ಊರೇ ಅಡ್ಡಹೆಸರಾಗುವುದರ ಹಳೆಯ ದಾಖಲೆಯೊಂದು ವಿಜಯಪುರದ ಶೇರ್ಜಾ ಬುರುಜಿನ ಮೇಲೆ ಬಿಸಿಲಲ್ಲಿ ಮಲಗಿದೆ. ಮಲಿಕ್-ಎ-ಮೈದಾನ್ ತೋಪನ್ನು 1549ರಲ್ಲಿ ಅಹಮದನಗರದಲ್ಲಿ ಎರಕ ಹೊಯ್ದವನು ಮಹಮ್ಮದ್ ಬಿನ್ ಹಸನ್ ರೂಮಿ. ಮೊದಲು ತನ್ನ ಹೆಸರು, ಆಮೇಲೆ ತಂದೆ ಹಸನನದು, ಕೊನೆಗೆ ಬಿಟ್ಟುಬಂದ ನಾಡು ರೂಮ್, ಅಂದರೆ ಇಂದಿನ ತುರ್ಕಿ. ತಿಕೋಟಾದ ಕನ್ನಡ ಶಾಲೆಯಲ್ಲಿ ಮಾಸ್ತರರು ಇವತ್ತಿಗೂ ಹೆಸರು ಬರೆಸಿಕೊಳ್ಳುವುದು ಇದೇ ಸಾಲಿನಲ್ಲಿ. ಐಸ್‌ಲ್ಯಾಂಡಿನವರು ತಂದೆಯ ಹೆಸರಿಗೇ ‘ಸನ್’, ‘ದೋತ್ತಿರ್’ ಎಂದು ಮಗ-ಮಗಳ ಬಾಲ ಹಚ್ಚಿ ಮುಗಿಸುತ್ತಾರೆ, ಮನೆತನದ ಹೆಸರಿನ ಗೊಡವೆ ಹೆಚ್ಚಿನವರಿಗೆ ಇಲ್ಲ. ಅಂಥ ‘ಸನ್’ ಒಂದು ನಮ್ಮ ತಿಕೋಟಾದ ಹೊಲದಲ್ಲೂ ಬೆಳೆದಿದೆ. ದ್ರಾಕ್ಷಿಯವರು ಬಾಯಿತುಂಬ ಹೇಳುವ ಥಾಮ್ಸನ್, ಕ್ಯಾಲಿಫೋರ್ನಿಯಾದ ವಿಲಿಯಂ ಥಾಮ್ಸನ್ ಎಂಬ ರೈತನ ಅಡ್ಡಹೆಸರು.

ಕೆಲಸದಿಂದ ಬಂದ ಅಡ್ಡಹೆಸರುಗಳಿಗೆ ಕೆಲಸಕ್ಕಿಂತ ಆಯುಷ್ಯ ಜಾಸ್ತಿ. ಮುಂಬಯಿ ಸರಕಾರ 1950ರಲ್ಲಿ ಕುಲಕರ್ಣಿ ವತನ ರದ್ದು ಮಾಡಿತು, ನಮ್ಮ ಸರಕಾರ 1961ರ ಕಾಯಿದೆಯಿಂದ ಉಳಿದ ಗ್ರಾಮಾಧಿಕಾರಗಳನ್ನೂ ತೆಗೆಯಿತು. ಲೆಕ್ಕ ಬರೆಯದ ಕುಲಕರ್ಣಿ, ಊರು ಕಾಯದ ತಳವಾರ, ಗರಗಸ ಹಿಡಿಯದ ಬಡಿಗೇರ, ಹತ್ತಿ ಹಿಂಜದ ನದಾಫ ಎಲ್ಲರೂ ಒಂದೇ ಬ್ಯಾಂಕಿನ ಸಾಲಿನಲ್ಲಿ ನಿಂತಿರುತ್ತಾರೆ. ಹಿಂದೆ ಉಳ್ಳಾಗಡ್ಡಿ, ಮೆಣಸಿನಕಾಯಿ, ಬೆಲ್ಲದ ಇರುತ್ತಾರೆ. ಕೂಗಿದರೆ ಸಂತೆ ನೆರೆದಂತೆ.

ಕಹಿಯಾದ ಹೆಸರುಗಳೂ ಉಂಟು. ಮಕ್ಕಳು ಉಳಿಯದ ಮನೆಯಲ್ಲಿ ಕೂಸನ್ನು ತಿಪ್ಪೆಗೆ ಮುಟ್ಟಿಸಿ ತಿಪ್ಪಣ್ಣ, ತಿಪ್ಪವ್ವ ಎಂದಿಟ್ಟರೆ ಸಾವಿಗೆ ಅಸಹ್ಯವಾಗಿ ಬಿಟ್ಟುಹೋಗಲಿ ಎಂಬ ಉಪಾಯ. ಮಂಗೋಲಿಯಾದವರು ಇದೇ ಭಯಕ್ಕೆ ‘ನೆರ್ಗುಯ್’, ಅಂದರೆ ‘ಹೆಸರಿಲ್ಲ’ ಎಂದೇ ಹೆಸರಿಟ್ಟು ದೆವ್ವಕ್ಕೆ ದಾರಿ ತಪ್ಪಿಸುತ್ತಾರೆ. ಅದು ಪ್ರೀತಿಯ ವಂಚನೆ. ಆದರೆ ಹೆಣ್ಣಿನ ಮೇಲೆ ಹೆಣ್ಣು ಹುಟ್ಟಿತೆಂದು ಇಟ್ಟ ಸಾಕವ್ವ? ಸಾತಾರದಲ್ಲಿ ‘ಬೇಡವಾದವಳು’ ಎಂಬರ್ಥದ ನಕೂಸಾ ಹೆಸರಿನ 285 ಹುಡುಗಿಯರಿಗೆ 2011ರಲ್ಲಿ ಸಮಾರಂಭ ಮಾಡಿ ಬೇರೆ ಹೆಸರಿಟ್ಟರು. ಅರ್ಥ ನೋಡದೆ ಹೆಸರಿಡಬಹುದು ಎಂಬ ನನ್ನ ವಾದ ಇಲ್ಲಿ ನಿಲ್ಲುವುದಿಲ್ಲ, ನಿಲ್ಲಿಸಲೂ ಬಾರದು.

ಹೊಸ ಅಡ್ಡಹೆಸರು ಹುಟ್ಟುವುದು ನಿಂತಿದೆಯೇ ಎಂದರೆ ಇಲ್ಲ, ಈಗ ಮೊಬೈಲಿನಲ್ಲಿ ಹುಟ್ಟುತ್ತಿವೆ. ನಮ್ಮ ಕಡೆಯ ಯಾರ ಫೋನು ತೆರೆದರೂ ಬಸು ಹೆಸರಿನವರೇ ಒಂದು ಹಿಂಡು: ಬಸು ಬೋರ್‌ವೆಲ್, ಬಸು ಮಣೂಕ, ಬಸು ಜೆಸಿಬಿ, ಬಸು ಬಬಲೇಶ್ವರ. ಪಾರ್ಸಿಗಳಲ್ಲಿ ಫಾರೂಖ್ ಎಂಜಿನಿಯರ್, ನಾರಿ ಕಾಂಟ್ರಾಕ್ಟರ್ ಆಗಿಹೋದದ್ದೂ ಹೀಗೇ; ಆ ಇಬ್ಬರೂ ಬ್ಯಾಟು ಹಿಡಿದವರು. ಮುಂದೊಂದು ದಿನ ಬಸು ಬೋರ್‌ವೆಲ್ಲನ ಮೊಮ್ಮಗ ಶಾಲೆಗೆ ಹೋಗಿ ಮುತ್ಯಾನ ಹೆಸರು, ಅಪ್ಪನ ಹೆಸರು ಹೇಳಿ, ಅಡ್ಡಹೆಸರು ಬೋರ್‌ವೆಲ್ ಎಂದರೆ ಮಾಸ್ತರರು ತಲೆಯೆತ್ತದೆ ಬರೆದುಕೊಳ್ಳುತ್ತಾರೆ. ಆ ಹೊತ್ತಿಗೆ ಅವರ ಅಡ್ಡಹೆಸರು ಜೆಸಿಬಿ ಆಗಿರಲೂಬಹುದು.