ಹನ್ನೆರಡು ಅಕ್ಷರದ ಈದ್ ಉಡುಗೊರೆ

ಯಜಮಾನರು ಗಲ್ಫ್‌ನಲ್ಲಿರುವ ಮನೆಯ ಕಥೆಯನ್ನು ನಿಮಗೆ ಹೊಸತಾಗಿ ಹೇಳಬೇಕಾಗಿಲ್ಲ. ಈ ಪುಟ ಓದುತ್ತಿರುವ ನಿಮ್ಮಲ್ಲಿ ಅನೇಕರ ಮನೆಯೂ ಹಾಗೆಯೇ ಇರಬಹುದು. ತಿಂಗಳ ಮೊದಲ ವಾರದಲ್ಲಿ ಹಣ ಬರುತ್ತದೆ, ಅದು ನನ್ನ ಖಾತೆಗೆ ಬರುತ್ತದೆ. ಶಾಲೆಯ ಫೀಸು, ಅತ್ತೆಯ ಔಷಧಿ, ಕರೆಂಟ್ ಬಿಲ್ಲು ಎಲ್ಲವೂ ನನ್ನ ಕೈಯಿಂದಲೇ ಹೋಗುತ್ತದೆ. ಈದ್‌ನ ಹೊಸ ಬಟ್ಟೆಗೆ ಬೆವರು ಸುರಿಸಿದವರು ಉಪ್ಪನಾದರೂ ಮಕ್ಕಳ ಕಣ್ಣಿಗೆ ಕೊಡಿಸಿದವಳು ಉಮ್ಮ. ಹದಿನಾಲ್ಕು ವರ್ಷಗಳಿಂದ ಜುಬೈಲ್‌ನಲ್ಲಿರುವ ನನ್ನವರಿಗೆ ಈ ಬಗ್ಗೆ ಒಂದು ಸಣ್ಣ ಕೊರಗಿತ್ತು. ಬಾಯಿಬಿಟ್ಟು ಹೇಳಿದವರಲ್ಲ. ಆದರೆ ನಮಗೆ ಗೊತ್ತಾಗುತ್ತದೆ ಅಲ್ಲವೇ?

ಒಂಬತ್ತನೇ ತರಗತಿಯ ನಮ್ಮ ಮಗನಿಗೆ ಟಿ.ವಿ.ಗೆ ಜೋಡಿಸಿ ಆಡುವ ಗೇಮ್‌ನ ಪೆಟ್ಟಿಗೆಯೊಂದಿದೆ. ಎರಡು ವರ್ಷದ ಹಿಂದೆ ರಜೆಯಲ್ಲಿ ಬರುವಾಗ ಇವರೇ ತಂದದ್ದು. ಜೊತೆಗೆ ಎರಡು ಡಿಸ್ಕ್‌ಗಳನ್ನೂ ತಂದಿದ್ದರು. ಕಳೆದ ವರ್ಷ ಈದ್‌ಗೆ ಮೊದಲು ಮಗ ಹೊಸ ಫುಟ್‌ಬಾಲ್ ಗೇಮ್ ಕೇಳಿದ. ಡಿಸ್ಕ್ ಬರಬೇಕಾದರೆ ರಜೆಗೆ ಇನ್ನೂ ಎಂಟು ತಿಂಗಳಿತ್ತು. ಇವರ ರೂಮಿನಲ್ಲಿದ್ದ ಹುಡುಗರು ಯಾರೋ ದಾರಿ ತೋರಿಸಿದರಂತೆ: ಈಗ ಡಿಸ್ಕ್ ಬೇಡ, ಸೂಪರ್ ಮಾರ್ಕೆಟಿನಲ್ಲಿ ಕಾರ್ಡ್ ಸಿಗುತ್ತದೆ, ಹಿಂದಿರುವ ಪಟ್ಟಿಯನ್ನು ಉಜ್ಜಿ ಬರುವ ಅಕ್ಷರಗಳನ್ನು ಕಳಿಸಿದರೆ ಸಾಕು, ಮಗ ಅಲ್ಲಿಯೇ ಗೇಮ್ ಕೊಂಡುಕೊಳ್ಳಬಹುದು.

ಹಾಗೆ ಈದ್‌ನ ಹಿಂದಿನ ರಾತ್ರಿ ವಾಟ್ಸ್‌ಆಪ್‌ನಲ್ಲಿ ಒಂದು ಫೋಟೋ ಬಂತು. ಇನ್ನೂರು ರಿಯಾಲಿನ ಕಾರ್ಡು, ನಮ್ಮ ಲೆಕ್ಕದಲ್ಲಿ ಸುಮಾರು ನಾಲ್ಕೂವರೆ ಸಾವಿರ ರೂಪಾಯಿ. ಉಜ್ಜಿದ ಜಾಗದಲ್ಲಿ ಹನ್ನೆರಡು ಅಕ್ಷರಗಳು. ಕೆಳಗೆ ಇವರ ದನಿಯಲ್ಲಿ ಒಂದು ಸಂದೇಶ, ಅದು ನನಗಲ್ಲ, ಮಗನಿಗೆ. ನನ್ನ ಖಾತೆಯನ್ನು ದಾಟದೆ ಉಪ್ಪನಿಂದ ಮಗನಿಗೆ ನೇರವಾಗಿ ಬಂದ ಮೊದಲ ಉಡುಗೊರೆ ಅದು.

ಮಗ ಟಿ.ವಿ.ಯ ಮುಂದೆ ಕುಳಿತು ಒಂದೊಂದೇ ಅಕ್ಷರ ಹಾಕಿದ. ಆಮೇಲೆ ಮತ್ತೊಮ್ಮೆ ಹಾಕಿದ. ಸೊನ್ನೆಯೋ ಅಕ್ಷರವೋ ಎಂದು ನನ್ನನ್ನೂ ಕರೆದು ತೋರಿಸಿದ. ಮೂರನೇ ಬಾರಿಗೆ ಹೇಳಿದ, "ಉಮ್ಮಾ, ಇದು ಹಿಡಿಯುವುದಿಲ್ಲ." ಪರದೆಯ ಮೇಲೆ ಇಂಗ್ಲಿಷ್‌ನಲ್ಲಿದ್ದ ಮಾತಿನ ಸಾರ ಇಷ್ಟೇ: ಈ ಕೋಡ್ ನಿಮ್ಮ ದೇಶದಲ್ಲಿ ನಡೆಯುವುದಿಲ್ಲ.

ಈದ್ ದಿನ ನಮಾಝ್ ಮುಗಿಸಿ ಇವರು ಆ ಅಂಗಡಿಗೆ ಹೋಗಿ ಕೇಳಿದರಂತೆ. ಉಜ್ಜಿದ ಕಾರ್ಡನ್ನು ಹಿಂದೆ ತೆಗೆದುಕೊಳ್ಳುವುದಿಲ್ಲ ಎಂದರಂತೆ. ರಾತ್ರಿ ಫೋನಿನಲ್ಲಿ ನನ್ನಲ್ಲಿ ಕೇಳಿದರು, "ನಾನು ತಂದದ್ದು ಸರಿಯಾದ ಕಾರ್ಡೇ ಅಲ್ಲವಾ?" ಹಣ ಹೋದದ್ದಕ್ಕಿಂತ ಆ ಪ್ರಶ್ನೆ ನನ್ನನ್ನು ಹೆಚ್ಚು ಚುಚ್ಚಿತು. ಅವರು ತಂದದ್ದು ಸರಿಯಾದ ಕಾರ್ಡೇ. ಹಾಗಾದರೆ ಅದು ಯಾಕೆ ನಡೆಯಲಿಲ್ಲ? ಜುಬೈಲ್‌ನಲ್ಲಿ ಕೊಂಡ ಪೆಟ್ಟಿಗೆ ನಮ್ಮ ಟಿ.ವಿ.ಯಲ್ಲಿ ಓಡುತ್ತದೆ, ಅಲ್ಲಿಯ ಡಿಸ್ಕ್ ಓಡುತ್ತದೆ. ಬರೇ ಹನ್ನೆರಡು ಅಕ್ಷರಗಳಿಗೆ ಎಲ್ಲಿಯ ಗಡಿ? ಬೆಂಗಳೂರಿನಲ್ಲಿ ಕಂಪ್ಯೂಟರ್ ಕೆಲಸದಲ್ಲಿರುವ ನನ್ನ ತಮ್ಮನ ತಲೆ ತಿಂದು, ಒಂದಷ್ಟು ನಾನೇ ಓದಿ ತಿಳಿದುಕೊಂಡದ್ದನ್ನು ನಿಮಗೂ ಹೇಳುತ್ತೇನೆ. ನಿಮ್ಮ ಮನೆಗೂ ಇಂತಹ ಒಂದು ಫೋಟೋ ನಾಳೆ ಬರಬಹುದು.

ಈ ಬೀಗ ಹೊಸತೇನೂ ಅಲ್ಲ. ಡಿ.ವಿ.ಡಿ. ಪ್ಲೇಯರ್‌ಗಳ ಕಾಲ ನಿಮಗೆ ನೆನಪಿರಬಹುದು. ನನ್ನ ಭಾವ ದಮ್ಮಾಮ್‌ನಿಂದ ಒಂದು ಪ್ಲೇಯರ್ ತಂದಿದ್ದರು. ಅಲ್ಲಿಂದ ತಂದ ಡಿಸ್ಕ್ ಚೆನ್ನಾಗಿ ಓಡುತ್ತಿತ್ತು, ಮಂಗಳೂರಿನಲ್ಲಿ ಕೊಂಡ ಒಂದು ಒಳ್ಳೆಯ ಒರಿಜಿನಲ್ ಡಿಸ್ಕ್ ಮಾತ್ರ ಓಡಲಿಲ್ಲ. ಸಿನಿಮಾ ಕಂಪೆನಿಗಳು ಪ್ರಪಂಚವನ್ನು ಆರು ವಲಯಗಳಾಗಿ ಹಂಚಿಕೊಂಡಿದ್ದವು. ಅಮೆರಿಕ, ಕೆನಡಾ 1ನೇ ವಲಯ. ಯುರೋಪು, ಜಪಾನ್ ಜೊತೆಗೆ ಸೌದಿ, ದುಬೈಗಳೆಲ್ಲ 2ನೇ ವಲಯ. ನಮ್ಮ ಭಾರತ ರಷ್ಯಾದೊಂದಿಗೆ 5ನೇ ವಲಯ. ಡಿಸ್ಕಿನ ಕವರಿನ ಹಿಂಬದಿಯಲ್ಲಿ ಸಣ್ಣ ಭೂಗೋಳದ ಚಿತ್ರದೊಳಗೆ ಆ ಅಂಕೆ ಇರುತ್ತಿತ್ತು. ಅಮೆರಿಕದ ಥಿಯೇಟರಿನಲ್ಲಿ ಓಡಿ ಮುಗಿದ ಸಿನಿಮಾ ಇನ್ನೊಂದು ದೇಶದ ಥಿಯೇಟರಿಗೆ ಬರುವ ಮೊದಲೇ ಅದರ ಡಿಸ್ಕ್ ಅಲ್ಲಿಗೆ ತಲುಪಬಾರದು, ಒಂದೊಂದು ಕಡೆ ಒಂದೊಂದು ಬೆಲೆಗೆ ಮಾರಬೇಕು ಎಂಬುದು ಅವರ ಲೆಕ್ಕ. ಹಂಪನಕಟ್ಟೆಯ ಒಬ್ಬ ರಿಪೇರಿಯವನು ರಿಮೋಟ್‌ನಲ್ಲಿ ಏನೋ ಅಂಕೆಗಳನ್ನು ಒತ್ತಿ ಆ ಬೀಗವನ್ನು ಎರಡು ನಿಮಿಷದಲ್ಲಿ ತೆಗೆದುಕೊಟ್ಟ. ಐವತ್ತು ರೂಪಾಯಿ ತೆಗೆದುಕೊಂಡ.

ಗೇಮ್‌ನ ಪೆಟ್ಟಿಗೆಗಳಲ್ಲೂ ಮೊದಲು ಇಂತಹ ಬೀಗವಿತ್ತು. ನಿಂಟೆಂಡೊ ಕಂಪೆನಿ 2011ರಲ್ಲಿ ತಂದ ತ್ರೀಡಿಎಸ್ ಎಂಬ ಕೈಪೆಟ್ಟಿಗೆಯಲ್ಲಿ ಬೇರೆ ವಲಯದ ಗೇಮ್ ಓಡುತ್ತಿರಲಿಲ್ಲ. ಅದೇ ಕಂಪೆನಿ 2017ರಲ್ಲಿ ತಂದ ಸ್ವಿಚ್‌ನಲ್ಲಿ ಆ ಬೀಗವನ್ನು ತೆಗೆಯಿತು. ಮೈಕ್ರೋಸಾಫ್ಟ್ 2013ರಲ್ಲಿ ತನ್ನ ಹೊಸ ಎಕ್ಸ್‌ಬಾಕ್ಸ್‌ಗೆ ಬೀಗ ಹಾಕುವುದಾಗಿ ಹೇಳಿ, ಜನ ಸಿಟ್ಟಾದಾಗ ಒಂದೇ ತಿಂಗಳೊಳಗೆ ಆ ಮಾತನ್ನು ಹಿಂದೆಗೆದುಕೊಂಡಿತು. ಪೆಟ್ಟಿಗೆಯ ಬೀಗ ತೆಗೆದರು ಎಂದು ಸಂತೋಷಪಡುವ ಹೊತ್ತಿಗೆ ಆ ಬೀಗ ಅಂಗಡಿಯ ಬಾಗಿಲಿಗೆ ಹೋಗಿತ್ತು. ಈಗ ಗೇಮ್ ಸಿಗುವುದು ಪೆಟ್ಟಿಗೆಯೊಳಗಿನ ಅಂಗಡಿಯಲ್ಲಿ. ಆ ಅಂಗಡಿ ಹೊರಗಿನಿಂದ ಒಂದೇ, ಒಳಗೆ ದೇಶಕ್ಕೊಂದು. ನೀವು ಖಾತೆ ತೆರೆಯುವಾಗ ಯಾವ ದೇಶ ಎಂದು ಹೇಳುತ್ತೀರೋ ಆ ಬಾಗಿಲು ಮಾತ್ರ ನಿಮಗೆ ತೆರೆಯುತ್ತದೆ.

ಇವರು ಕಳಿಸಿದ ಕಾರ್ಡಿನಲ್ಲಿ ಗೇಮ್ ಇರಲಿಲ್ಲ, ಇದ್ದದ್ದು ಇನ್ನೂರು ರಿಯಾಲ್. ನಮ್ಮ ಮಗನ ಖಾತೆ ರೂಪಾಯಿಯದ್ದು. ಹಣವನ್ನು ರೂಪಾಯಿ ಮಾಡಿಕೊಡಲು ಅದು ಬ್ಯಾಂಕಲ್ಲ, ಎಕ್ಸ್‌ಚೇಂಜೂ ಅಲ್ಲ. ಇನ್ನು ತೆರಿಗೆ. ಸೌದಿಯಲ್ಲಿ 2018ರಲ್ಲಿ ಶೇ. 5ರಿಂದ ಆರಂಭವಾದ ವ್ಯಾಟ್ 2020ರ ಜುಲೈಯಿಂದ ಶೇ. 15. ನಮ್ಮಲ್ಲಿ ಇಂತಹ ಡಿಜಿಟಲ್ ಸರಕಿಗೆ ಶೇ. 18 ಜಿಎಸ್‌ಟಿ. ಯಾವ ದೇಶದ ಗಿರಾಕಿಯೋ ಆ ದೇಶದ ಸರಕಾರಕ್ಕೆ ತೆರಿಗೆ ಕಟ್ಟಬೇಕಾದ್ದರಿಂದ ಕಂಪೆನಿಗೆ ನಿಮ್ಮ ವಿಳಾಸ ಬೇಕು. ಕಾನೂನೂ ದೇಶಕ್ಕೊಂದು. ಜರ್ಮನಿಯಲ್ಲಿ 2018ರ ತನಕ ಗೇಮ್‌ಗಳಲ್ಲಿ ನಾಝಿ ಚಿಹ್ನೆಗಳನ್ನು ತೋರಿಸಲು ಬಿಡುತ್ತಿರಲಿಲ್ಲವಾದ್ದರಿಂದ ಅಲ್ಲಿಗೆಂದೇ ಬೇರೆ ಪ್ರತಿ ಮಾಡುತ್ತಿದ್ದರು. ನಮ್ಮಲ್ಲಿ 2020ರ ಸೆಪ್ಟೆಂಬರಿನಲ್ಲಿ ಪಬ್‌ಜಿ ಮೊಬೈಲ್‌ಗೆ ನಿಷೇಧ ಬಂದು, ಮರುವರ್ಷ ಭಾರತಕ್ಕೆಂದೇ ಬೇರೆ ಹೆಸರಿನಲ್ಲಿ ಅದರ ಇನ್ನೊಂದು ರೂಪ ಬಂದದ್ದು ಗಂಡುಮಕ್ಕಳಿರುವ ಮನೆಯವರಿಗೆಲ್ಲ ಗೊತ್ತು. ಗಲ್ಫ್‌ನಲ್ಲಿ ಕೊಂಡ ಪಬ್‌ಜಿ ಕೋಡ್ ಇಲ್ಲಿಯದರಲ್ಲಿ ನಡೆಯುವುದಿಲ್ಲ.

ಇವೆಲ್ಲ ಇದ್ದರೂ ಮುಖ್ಯ ಕಾರಣ ಬೆಲೆ. ಅಕ್ಕನ ಮಗಳು ಎಂ.ಬಿ.ಬಿ.ಎಸ್. ಓದುತ್ತಿದ್ದಾಗ ಅವಳ ದಪ್ಪ ಪುಸ್ತಕಗಳ ಮೇಲೆ, ಇದು ಭಾರತ ಮತ್ತು ನೆರೆಯ ಇಂತಿಂತಹ ದೇಶಗಳಲ್ಲಿ ಮಾತ್ರ ಮಾರಾಟಕ್ಕೆ ಎಂದು ಅಚ್ಚಾಗಿತ್ತು. ಅದೇ ಪುಸ್ತಕ ಅಮೆರಿಕದಲ್ಲಿ ಎಷ್ಟೋ ಪಟ್ಟು ದುಬಾರಿ. ಥಾಯ್ಲೆಂಡಿನಿಂದ ಅಮೆರಿಕಕ್ಕೆ ಓದಲು ಹೋದ ಒಬ್ಬ ವಿದ್ಯಾರ್ಥಿ ಊರಿನ ಬಂಧುಮಿತ್ರರಿಂದ ಇಂತಹ ಅಗ್ಗದ ಪುಸ್ತಕಗಳನ್ನು ತರಿಸಿ ಅಲ್ಲಿ ಮಾರಿದ. ಪ್ರಕಾಶಕರು ಅವನ ಮೇಲೆ ಕೇಸು ಹಾಕಿದರು. 2013ರಲ್ಲಿ ಅಲ್ಲಿಯ ಸುಪ್ರೀಂ ಕೋರ್ಟು ಅವನ ಪರವಾಗಿ ತೀರ್ಪು ಕೊಟ್ಟಿತು: ನ್ಯಾಯವಾಗಿ ಕೊಂಡ ಪುಸ್ತಕ ಎಲ್ಲಿ ಅಚ್ಚಾದರೇನು, ಕೊಂಡವನು ಅದನ್ನು ಮಾರಬಹುದು. ಆದರೆ ಪುಸ್ತಕ ಕೈಗೆ ಸಿಗುವ ವಸ್ತು. ಕೋಡ್ ಹಾಗಲ್ಲ. ಅದನ್ನು ಕೊಂಡಾಗ ನಮಗೆ ಸಿಗುವುದು ಬರೇ ಅನುಮತಿ, ಅದೂ ಇಂತಹ ಕಡೆ ಇಂತಹವರು ಆಡಬಹುದು ಎಂಬ ಅನುಮತಿ. ನಾನು ಇಷ್ಟು ವರ್ಷ ಮಗನಿಗೆ 'ಗೇಮ್ ಕೊಡಿಸಿದೆ' ಎಂದೇ ತಿಳಿದುಕೊಂಡಿದ್ದೆ!

ಬಡ ದೇಶದವರಿಗೂ ಕೊಳ್ಳಲು ಆಗಲಿ ಎಂದು ಕೆಲವು ಕಡೆ ಬೆಲೆ ಇಳಿಸುತ್ತಾರೆ. ಅಷ್ಟು ಹೊತ್ತಿಗೆ ಶ್ರೀಮಂತ ದೇಶದವರು ಅಲ್ಲಿಗೆ ಮುಗಿಬೀಳುತ್ತಾರೆ. 2014ರ ಡಿಸೆಂಬರಿನಲ್ಲಿ ರಷ್ಯಾದ ರೂಬಲ್ ಕುಸಿದಾಗ ಸ್ಟೀಮ್ ಎಂಬ ದೊಡ್ಡ ಗೇಮ್ ಅಂಗಡಿಯಲ್ಲಿ ಹೀಗೆಯೇ ಆಯಿತು. ರಷ್ಯಾದ ಅಗ್ಗದ ಬೆಲೆಗೆ ಕೊಂಡು ಹೊರಗಿನವರಿಗೆ 'ಉಡುಗೊರೆ'ಯಾಗಿ ಕಳಿಸುವ ವ್ಯಾಪಾರ ಜೋರಾಯಿತು. ಅದೇ ತಿಂಗಳು ಆ ಅಂಗಡಿಯವರು ರಷ್ಯಾ ಮತ್ತು ಅದರ ಸುತ್ತಲಿನ ದೇಶಗಳ ಉಡುಗೊರೆ ಹೊರಗೆಲ್ಲೂ ತೆರೆಯದಂತೆ ಮಾಡಿದರು. ತುರ್ಕಿ, ಅರ್ಜೆಂಟೀನಾಗಳಲ್ಲಿ ಬೆಲೆ ತೀರಾ ಕಡಿಮೆಯಿದ್ದಾಗ ಎಲ್ಲಿಯವರೋ ಅಲ್ಲಿಯ ವಿಳಾಸ ಬರೆದು ಕೊಳ್ಳುತ್ತಿದ್ದರು. 2023ರ ನವೆಂಬರಿನಲ್ಲಿ, ಆ ದೇಶಗಳ ಹಣದ ಬೆಲೆ ಏರುಪೇರಾಗುತ್ತಿದೆ ಎಂಬ ಕಾರಣ ಕೊಟ್ಟು ಅಲ್ಲಿಯ ಬೆಲೆಯನ್ನು ಡಾಲರಿಗೆ ಬದಲಾಯಿಸಿದರು. ಲೀರಾದಲ್ಲಿ ಸಂಬಳ ಎಣಿಸುವ ತಂದೆಯ ಮಗನಿಗೆ ಅದರಿಂದ ಎಷ್ಟು ಹೊರೆಯಾಗಿರಬಹುದು ಎಂದು ನೀವೇ ಯೋಚಿಸಿ.

ಹಾಗೆಂದು ಕಂಪೆನಿಗಳದ್ದೆಲ್ಲ ಸರಿ ಎಂದು ನಾನು ಹೇಳುವುದಿಲ್ಲ. ಪೋಲೆಂಡ್, ಹಂಗೇರಿಯಂತಹ ದೇಶಗಳಲ್ಲಿ ಕೊಂಡ ಗೇಮ್ ಕೋಡ್‌ಗಳು ಯುರೋಪಿನ ಬೇರೆ ದೇಶಗಳಲ್ಲಿ ತೆರೆಯದಂತೆ ಮಾಡಿದ್ದಕ್ಕೆ ಯುರೋಪಿಯನ್ ಕಮಿಷನ್ 2021ರ ಜನವರಿಯಲ್ಲಿ ಸ್ಟೀಮ್‌ನ ಒಡೆಯರಾದ ವಾಲ್ವ್ ಮತ್ತು ಐದು ಗೇಮ್ ಕಂಪೆನಿಗಳಿಗೆ ಒಟ್ಟು 78 ಲಕ್ಷ ಯುರೋ ದಂಡ ಹಾಕಿತು. ಒಂದೇ ಮಾರುಕಟ್ಟೆ ಎಂದು ಒಪ್ಪಿಕೊಂಡ ಮೇಲೆ ನಡುವೆ ಗೋಡೆ ಕಟ್ಟುವಂತಿಲ್ಲ ಎಂಬುದು ಅಲ್ಲಿಯ ವಾದ.

ನನಗೆ ಬೇಸರವಾದದ್ದು ಇನ್ನೊಂದು ಕಾರಣಕ್ಕೆ. ನನ್ನವರು ಅಗ್ಗದ ಊರಿನಿಂದ ಕೊಂಡವರಲ್ಲ, ಮಾರಲು ಕೊಂಡವರೂ ಅಲ್ಲ. ರಿಯಾಲಿನಲ್ಲಿ ಪೂರ್ತಿ ಬೆಲೆ ಕೊಟ್ಟು ಮಗನಿಗೆಂದು ಕೊಂಡರು. ತೋಟಕ್ಕೆ ದನ ನುಗ್ಗಬಾರದೆಂದು ಹಾಕಿದ ಮುಳ್ಳುಬೇಲಿಗೆ ದಾರಿಯಲ್ಲಿ ಹೋಗುವವಳ ಶಾಲು ಸಿಕ್ಕಿಕೊಂಡಂತೆ ಆಯಿತು. ಈ ಬೇಲಿಯ ನಕ್ಷೆ ಬರೆದವರ ಮನಸ್ಸಿನಲ್ಲಿ ಒಂದು ಮನೆಯವರೆಲ್ಲ ಒಂದೇ ದೇಶದಲ್ಲಿರುತ್ತಾರೆ. ಹಣ ಕೊಡುವ ತಂದೆ, ಆಡುವ ಮಗ ಒಂದೇ ಸೂರಿನಡಿ ಕುಳಿತಿರುತ್ತಾರೆ. ತಂದೆ ಜುಬೈಲ್‌ನಲ್ಲಿ, ಮಗ ಉಳ್ಳಾಲದಲ್ಲಿ ಇರುವ ಮನೆಯೂ ಮನೆಯೇ ಎಂಬುದು ಆ ನಕ್ಷೆಯಲ್ಲಿಲ್ಲ.

ನಾಲ್ಕೈದು ದಿನ ಸುಮ್ಮನಿದ್ದ ಮಗ ಒಂದು ಉಪಾಯ ತಂದ. ಅವನ ಗೆಳೆಯರೆಲ್ಲ ಹಾಗೆ ಮಾಡುತ್ತಾರಂತೆ. ಹೊಸ ಖಾತೆ ತೆರೆದು ದೇಶ ಸೌದಿ ಎಂದು ಬರೆದರೆ ಕೋಡ್ ಹಿಡಿಯುತ್ತದೆ. ವಿಳಾಸಕ್ಕೆ ಉಪ್ಪನ ರೂಮಿನ ವಿಳಾಸ ಹಾಕಿದರಾಯಿತು. "ಸುಳ್ಳಲ್ಲ ಉಮ್ಮಾ, ಅದು ನಮ್ಮದೇ ಅಲ್ಲವಾ?" ಎಂದ. ನಾನು ಆಗುವುದಿಲ್ಲ ಎಂದೆ. ನಾಲ್ಕೂವರೆ ಸಾವಿರ ನೀರಿಗೆ ಹೋಗುತ್ತದೆಂದು ಗೊತ್ತಿದ್ದೂ ಹೇಳಿದೆ. ಹದಿನಾಲ್ಕು ವರ್ಷದ ಹುಡುಗ ತಾನಿಲ್ಲದ ಊರನ್ನು ತನ್ನ ಊರೆಂದು ಬರೆಯುವುದನ್ನು ನನ್ನ ಎದುರೇ ಕಲಿಯುವುದು ನನಗೆ ಬೇಡವಾಗಿತ್ತು. ಅವನು ಬಾಗಿಲು ಹಾಕಿಕೊಂಡು ಮಲಗಿದ. ಉಪ್ಪ ಪ್ರೀತಿಯಿಂದ ಕಳಿಸಿದ್ದನ್ನು ಉಮ್ಮ ತಡೆದಳು ಎಂದಾಯಿತು. ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ.

ಮರುದಿನ ಎಲ್ಲವನ್ನೂ ಇವರಿಗೆ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದರು, "ಇಲ್ಲಿ ಇರುವುದು ನಾನು ತಾನೇ? ಖಾತೆ ನಾನೇ ತೆರೆಯುತ್ತೇನೆ." ಇಷ್ಟು ಸುಲಭದ ಮಾತು ನಮ್ಮಿಬ್ಬರಿಗೂ ಹೊಳೆದಿರಲಿಲ್ಲ. ಅವರು ತಮ್ಮ ಹೆಸರಲ್ಲಿ, ತಮ್ಮ ಮೊಬೈಲಿನಲ್ಲಿ, ತಾವಿರುವ ದೇಶವನ್ನೇ ಬರೆದು ಖಾತೆ ತೆರೆದರು. ಆ ಕೋಡ್ ಮೊದಲ ಸಲಕ್ಕೇ ಹಿಡಿಯಿತು. ಗೇಮ್ ಕೊಂಡವರು ಅವರೇ. ನಮ್ಮ ಪೆಟ್ಟಿಗೆಯಲ್ಲಿ ಅವರ ಖಾತೆಯನ್ನು ಸೇರಿಸಿ, ಇದು ಅವರ ಮನೆಯ ಪೆಟ್ಟಿಗೆ ಎಂದು ಗುರುತು ಹಾಕಿದ ಮೇಲೆ, ಅವರು ಕೊಂಡದ್ದನ್ನು ಮಗ ತನ್ನ ಖಾತೆಯಿಂದಲೇ ಆಡಬಹುದು. ನನ್ನ ತಮ್ಮ ಫೋನಿನಲ್ಲೇ ಎಲ್ಲ ಹೇಳಿಕೊಟ್ಟ.

ನೀವು ಮಾತ್ರ ಇಷ್ಟೆಲ್ಲ ಸುತ್ತಬೇಡಿ. ಕಾರ್ಡಿನ ಮೇಲೆ ಯಾವ ದೇಶದ್ದೆಂದು ಬರೆದಿರುತ್ತದೆ, ಉಜ್ಜುವ ಮೊದಲು ಅದನ್ನು ನೋಡಲು ನಿಮ್ಮವರಿಗೆ ಹೇಳಿ. ಮಗುವಿನ ಖಾತೆ ಭಾರತದ್ದಾದರೆ ಹಣವನ್ನೇ ಕಳಿಸಿ ಇಲ್ಲಿಯ ಕಾರ್ಡ್ ಕೊಳ್ಳುವುದೇ ಒಳ್ಳೆಯದು. ಗುರುತಿಲ್ಲದ ಕಡೆ ಅರ್ಧ ಬೆಲೆಗೆ ಸಿಗುವ ಕೋಡ್‌ನ ಹತ್ತಿರವೂ ಹೋಗಬೇಡಿ. ಯಾರದೋ ಕದ್ದ ಕ್ರೆಡಿಟ್ ಕಾರ್ಡಿನಿಂದ ಕೊಂಡದ್ದಾದರೆ ಆಮೇಲೆ ಗೇಮ್ ಮಾಯವಾಗುತ್ತದೆ, ಖಾತೆಯೂ ಮುಚ್ಚಿಹೋಗಬಹುದು.

ಈಗ ನಮ್ಮ ಮನೆಯಲ್ಲಿ ಟಿ.ವಿ. ಹಾಕಿ ಪೆಟ್ಟಿಗೆ ಆನ್ ಮಾಡಿದರೆ ಪರದೆಯ ಮೇಲೆ ಎರಡು ಹೆಸರುಗಳು ಮೂಡುತ್ತವೆ. ಒಂದು ಮಗನದ್ದು, ಅದರ ಪಕ್ಕದಲ್ಲಿ ಅವನ ಉಪ್ಪನದ್ದು. ಈ ಕಂಪೆನಿಯಲ್ಲಿ ಒಮ್ಮೆ ಬರೆದ ದೇಶವನ್ನು ಮತ್ತೆ ಬದಲಾಯಿಸಲು ಬರುವುದಿಲ್ಲವಂತೆ. ಅದನ್ನು ಕೇಳಿ ಇವರು ಜೋರಾಗಿ ನಕ್ಕರು. "ನಾನು ಎಕ್ಸಿಟ್ ಹೊಡೆದು ಊರಿಗೆ ಬಂದ ಮೇಲೂ ಅದೊಂದು ಇಲ್ಲೇ ಇರುತ್ತದೆ" ಎಂದರು. ಅವರು ಎಕ್ಸಿಟ್‌ನ ಮಾತೆತ್ತಿದ್ದು ಹದಿನಾಲ್ಕು ವರ್ಷಗಳಲ್ಲಿ ಅದೇ ಮೊದಲು. ಯಾವಾಗ ಎಂದು ಕೇಳೋಣವೆನಿಸಿತು. ಅಷ್ಟರಲ್ಲಿ ಮಗ, "ಉಪ್ಪಾ, ನಾನು ಎರಡು ಗೋಲು ಹೊಡೆದೆ" ಎನ್ನುತ್ತಾ ಫೋನನ್ನು ನನ್ನ ಕೈಯಿಂದ ಕಿತ್ತುಕೊಂಡ.