ಹಿಡಿದಷ್ಟು ಹಿಟ್ಟು

ಪ್ರವಾಸ ಹೋದವರು ಊರಿನ ಹೊರಮೈಯನ್ನು ಕಂಡು ಹಿಂದಿರುಗುವುದೇ ವಾಡಿಕೆ. ಅದರಲ್ಲಿಯೂ ಪ್ರಾಗ್ ನಗರದ ಹೊರಮೈ ಎಂತಹ ಅರಸಿಕನನ್ನೂ ಮರುಳುಗೊಳಿಸುವಂತಹುದು. ವ್ಲ್ತಾವಾ ನದಿ, ಅದರ ಮೇಲಿನ ಚಾರ್ಲ್ಸ್ ಸೇತುವೆ, ಗುಡ್ಡದ ನೆತ್ತಿಯಲ್ಲಿ ಕೋಟೆ, 1410ರಲ್ಲಿ ನಿರ್ಮಿತವಾದ ಖಗೋಳ ಗಡಿಯಾರ, ಇವೆಲ್ಲವನ್ನೂ ಎರಡು ದಿನಗಳಲ್ಲಿ ನೋಡಿ ಮುಗಿಸಿ ಪಾದ ನೋಯಿಸಿಕೊಂಡವರು ಮೂರನೆಯ ದಿನ ಏನು ಮಾಡಬೇಕೆಂದು ಯೋಚಿಸುತ್ತಾರೆ. ಅಂಥವರಲ್ಲಿ ಕೆಲವರು ಈಚೆಗೆ ಅಡಿಗೆಮನೆಯ ಹಾದಿ ಹಿಡಿಯುತ್ತಿದ್ದಾರೆ. ನಗರದ ಯಾವುದೋ ಬಡಾವಣೆಯಲ್ಲಿ, ಯಾರದೋ ಮನೆಯಲ್ಲಿ, ಗೊತ್ತಾದ ಶುಲ್ಕ ಕೊಟ್ಟು, ನಾಲ್ಕು ಗಂಟೆಗಳ ಕಾಲ ಗೆಡ್ಡೆ ಹೆಚ್ಚಿ, ಹಿಟ್ಟು ನಾದಿ, ಬೇಯಿಸಿ, ತಾವು ಮಾಡಿದ್ದನ್ನು ತಾವೇ ಉಂಡು ಬರುವ ಏರ್ಪಾಡು ಅದು. ಹಣವನ್ನೂ ಕೊಟ್ಟು ಕೆಲಸವನ್ನೂ ಮಾಡುವ ಈ ವ್ಯವಹಾರ ಹಿಂದಿನ ಕಾಲದ ಗೃಹಿಣಿಯರಿಗೆ ನಗೆ ತರಿಸುತ್ತಿದ್ದುದರಲ್ಲಿ ಸಂದೇಹವಿಲ್ಲ.

ಅಂತಹದೊಂದು ಅಡಿಗೆಯ ಪಾಠಕ್ಕೆ ಸೆಪ್ಟೆಂಬರಿನ ಒಂದು ಬೆಳಿಗ್ಗೆ ಆರು ಮಂದಿ ಬಂದಿದ್ದರು. ಐವರು ಎಲ್ಲ ಪ್ರವಾಸಿಗಳಂತೆ ವಿನೋದಕ್ಕಾಗಿ ಬಂದವರು. ಅವರ ವಿಷಯ ಹೆಚ್ಚು ಹೇಳಬೇಕಾದುದಿಲ್ಲ. ಆರನೆಯವಳು ಕೆನಡದ ಟೊರಾಂಟೊ ನಗರದಿಂದ ಬಂದ, ಐವತ್ತರ ಆಸುಪಾಸಿನ ಹೆಂಗಸು. ಆಕೆಯ ಕೈಚೀಲದಲ್ಲಿ ಒಂದು ಹಳೆಯ ಕಾಗದವಿತ್ತು. ಆಕೆ ಬಂದುದು ಆ ಕಾಗದಕ್ಕಾಗಿ.

1968ರ ಆಗಸ್ಟ್ 21ರಂದು ವಾರ್ಸಾ ಒಪ್ಪಂದದ ಸೈನ್ಯಗಳು ಚೆಕೊಸ್ಲೊವಾಕಿಯದೊಳಕ್ಕೆ ನುಗ್ಗಿದಾಗ ಸಾವಿರಾರು ಜನ ಉಟ್ಟ ಬಟ್ಟೆಯಲ್ಲೇ ಗಡಿ ದಾಟಿದರು. ಅವರಲ್ಲಿ ಹತ್ತು ಸಾವಿರಕ್ಕೂ ಮಿಕ್ಕಿದವರಿಗೆ ಕೆನಡ ನೆಲೆ ಕೊಟ್ಟಿತು. ಈಕೆಯ ತಾಯಿ, ಆಗ ಇಪ್ಪತ್ತೆರಡರ ಹುಡುಗಿ, ಆ ಗುಂಪಿನಲ್ಲಿ ಒಬ್ಬಳು. ಮರುವರ್ಷ ಅಕ್ಟೋಬರ್ ಹೊತ್ತಿಗೆ ಗಡಿ ಬಿಗಿಯಾಗಿ ಮುಚ್ಚಿಹೋಯಿತು. ಅಪ್ಪಣೆಯಿಲ್ಲದೆ ದೇಶ ಬಿಟ್ಟವರು ಕಾನೂನಿನ ಕಣ್ಣಿನಲ್ಲಿ ಅಪರಾಧಿಗಳು. ಅವರು ಎದುರಿಗಿಲ್ಲದಿದ್ದರೂ ನ್ಯಾಯಾಲಯಗಳು ಶಿಕ್ಷೆ ವಿಧಿಸುತ್ತಿದ್ದವು. ಹೀಗಾಗಿ ಆ ಹುಡುಗಿ ತನ್ನ ತಾಯಿಯ ಮುಖವನ್ನು ಮತ್ತೆ ಕಾಣಲಿಲ್ಲ. 1989ರ ಚಳಿಗಾಲದಲ್ಲಿ ಆ ಸರ್ಕಾರ ಉರುಳಿ ಬಾಗಿಲು ತೆರೆಯುವಷ್ಟರಲ್ಲಿ ಬೊಹೀಮಿಯದ ಸಣ್ಣ ಪಟ್ಟಣದಲ್ಲಿದ್ದ ಮುದುಕಿ ಮಣ್ಣಾಗಿ ಆರು ವರ್ಷ ಕಳೆದಿತ್ತು.

ಇದ್ದುದು ಪತ್ರವ್ಯವಹಾರವೊಂದೇ. ಹೊರದೇಶಕ್ಕೆ ಹೋಗುವ ಕಾಗದವನ್ನು ಯಾರು ಬಿಚ್ಚಿ ಓದುವರೋ ಎಂಬ ಅಂಜಿಕೆ ಬರೆಯುವವರಿಗೆ. ಆದುದರಿಂದ ಆ ಕಾಗದಗಳಲ್ಲಿ ಮಳೆ, ಬೆಳೆ, ನೆಗಡಿ ಹಾಗೂ ಅಡಿಗೆಯ ಹೊರತು ಬೇರೇನೂ ಇರುತ್ತಿರಲಿಲ್ಲ. ಕೈಚೀಲದಲ್ಲಿದ್ದುದು 1971ರ ಅಂತಹ ಒಂದು ಕಾಗದ. ಮಗಳು ಕೇಳಿದ್ದಕ್ಕೆ ತಾಯಿ ಕ್ನೆಡ್ಲಿಕ್ ಮಾಡುವ ಕ್ರಮವನ್ನು ಬರೆದಿದ್ದಳು.

ಕ್ನೆಡ್ಲಿಕ್ ಎಂದರೆ ಏನೆಂದು ಓದುಗರಿಗೆ ತಿಳಿಸಬೇಕು. ನಮ್ಮ ಕಡುಬಿಗೆ ಅದು ದೂರದ ನೆಂಟ. ಗೋದಿ ಹಿಟ್ಟಿಗೆ ಹಾಲು, ಮೊಟ್ಟೆ, ಯೀಸ್ಟ್ ಸೇರಿಸಿ ಕಲಸಿ, ಹಿಂದಿನ ದಿನದ ಬನ್ನಿನ ಚೂರುಗಳನ್ನು ಬೆರೆಸಿ, ತೋಳಿನ ಗಾತ್ರದ ಉರುಳೆಗಳನ್ನಾಗಿ ಮಾಡಿ, ಕುದಿಯುವ ಉಪ್ಪುನೀರಿನಲ್ಲಿ ಬೇಯಿಸುತ್ತಾರೆ. ಬೆಂದ ಮೇಲೆ ಬಿಲ್ಲೆಗಳಾಗಿ ಕತ್ತರಿಸಿ, ಗಟ್ಟಿಯಾದ ಗೊಜ್ಜಿನಂತಹ ಪದಾರ್ಥದಲ್ಲಿ ಅದ್ದಿ ತಿನ್ನುತ್ತಾರೆ. ಗೊಜ್ಜನ್ನು ಹೀರುವುದೇ ಅದರ ಧರ್ಮ. ತನ್ನದೇ ಆದ ರುಚಿ ಹೆಚ್ಚೇನೂ ಇಲ್ಲ. ಆದರೆ ಚೆಕ್ ಜನ ಪರದೇಶದಲ್ಲಿ ಮೊದಲು ನೆನೆಯುವುದು ಅದನ್ನೇ. ಮುದ್ದೆ ಉಂಡು ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಕಾಗದದಲ್ಲಿ ಹಾಲಿನ ಅಳತೆಯಿತ್ತು. ಮೊಟ್ಟೆಯ ಲೆಕ್ಕವಿತ್ತು. ಹಿಟ್ಟಿನ ಬಳಿ ಮಾತ್ರ ‘ಹಿಡಿದಷ್ಟು’ ಎಂದಿತ್ತು. ಟೊರಾಂಟೊದಲ್ಲಿ ತಾಯಿ ಇದನ್ನು ನಲವತ್ತು ವರ್ಷಕ್ಕೂ ಹೆಚ್ಚು ಕಾಲ ಮಾಡಿದಳು. ಒಮ್ಮೆ ಅಂಟು, ಒಮ್ಮೆ ಕಲ್ಲು. ಪ್ರತಿ ಸಲವೂ ಒಂದು ತುಂಡು ಬಾಯಿಗಿಟ್ಟು, ತಟ್ಟೆಯನ್ನು ಸರಿಸಿ, “ಇದು ಅದಲ್ಲ. ನನ್ನ ಕೈಗೆ ಮರೆತುಹೋಗಿದೆ” ಎನ್ನುತ್ತಿದ್ದಳು. ಆಕೆ ತೀರಿಕೊಂಡ ಎರಡು ವರ್ಷಗಳ ಮೇಲೆ ಮಗಳು ಪ್ರಾಗಿಗೆ ಬಂದಳು.

ಪಾಠ ಹೇಳುವಾಕೆ ಎಪ್ಪತ್ತು ದಾಟಿದ ವೃದ್ಧೆ. ಸಮಾಜವಾದದ ಕಾಲದಲ್ಲಿ ಕಾರ್ಖಾನೆಯೊಂದರ ಭೋಜನಶಾಲೆಯಲ್ಲಿ ಅಡಿಗೆ ಮಾಡಿದವಳು. ಆ ದಿನಗಳಲ್ಲಿ ಹೋಟೆಲು, ಭೋಜನಶಾಲೆಗಳಿಗೆಲ್ಲ ಸರ್ಕಾರವೇ ಒಂದು ಪುಸ್ತಕ ಮಾಡಿಕೊಟ್ಟಿತ್ತು. ಯಾವ ಪದಾರ್ಥಕ್ಕೆ ಯಾವುದು ಎಷ್ಟು ಗ್ರಾಂ ಎಂಬುದು ಅದರಲ್ಲಿ ನಿಷ್ಕರ್ಷೆಯಾಗಿತ್ತು. ಆ ಅಂಕಿಗಳೆಲ್ಲ ಈಕೆಗೆ ಈಗಲೂ ಕಂಠಪಾಠ. ದೇಶ ಬಿಟ್ಟುಹೋದವಳ ಮಗಳು, ದೇಶದಲ್ಲಿಯೇ ಉಳಿದವಳು, ಇಬ್ಬರೂ ಒಂದೇ ಮೇಜಿನ ಎರಡು ಬದಿಗಳಲ್ಲಿ ನಿಂತರು.

ಮೊದಲು ಹೋಲೆಶೊವಿತ್ಸೆಯ ಸಂತೆಗೆ ಪ್ರಯಾಣ. 1895ರಲ್ಲಿ ನಗರದ ಕಸಾಯಿಖಾನೆಯಾಗಿ ಆರಂಭವಾದ ಕಟ್ಟಡಗಳಲ್ಲಿ ಈಗ ತರಕಾರಿ ಮಾರುತ್ತಾರೆ. ಸೆಲರಿ ಗೆಡ್ಡೆ, ಕ್ಯಾರೆಟ್, ಪಾರ್ಸ್ಲಿ ಬೇರು, ಒಣಗಿಸಿದ ಕಾಡಣಬೆ ಕೊಂಡದ್ದಾಯಿತು. ಅಲ್ಲಿಂದ ದಿನಸಿ ಅಂಗಡಿ. ಹಿಟ್ಟಿನ ಸಾಲಿನ ಮುಂದೆ ಉಪಾಧ್ಯಾಯಿನಿ ನಿಂತು ಮೂರು ಪೊಟ್ಟಣಗಳನ್ನು ತೋರಿಸಿದಳು. ಹ್ಲಾಡ್ಕಾ, ಪೊಲೊಹ್ರುಬಾ, ಹ್ರುಬಾ. ಮೂರೂ ಗೋದಿಯೇ. ಹ್ಲಾಡ್ಕಾ ನಮ್ಮ ಮೈದಾದಂತೆ ನುಣುಪು. ಹ್ರುಬಾ ಚಿರೋಟಿ ರವೆಯ ಹತ್ತಿರ ಬರುವ ತರಿ. ಪೊಲೊಹ್ರುಬಾ ನಡುವಿನದು. ಕ್ನೆಡ್ಲಿಕ್‌ಗೆ ಬೇಕಾದುದು ತರಿ ಹಿಟ್ಟು. ಅದು ಹಾಲನ್ನು ನಿಧಾನವಾಗಿ ಕುಡಿಯುತ್ತದೆ, ಬೆಂದಾಗ ಹಗುರವಾಗಿ ಬಿರಿಯುತ್ತದೆ. ನುಣುಪು ಹಿಟ್ಟು ಒಮ್ಮೆಗೇ ಅಂಟಾಗುತ್ತದೆ. ಅಂಟು ಹೋಗಲೆಂದು ಇನ್ನಷ್ಟು ಸುರಿದರೆ ಕಲ್ಲಾಗುತ್ತದೆ.

ಕೆನಡದಾಕೆ ಆ ಪೊಟ್ಟಣವನ್ನು ಎರಡು ಕೈಯಲ್ಲಿ ಹಿಡಿದು ಅಲ್ಲಿಯೇ ನಿಂತುಬಿಟ್ಟಳು. ಅವಳ ಊರಿನ ಅಂಗಡಿಗಳಲ್ಲಿ ಸಾಮಾನ್ಯವಾಗಿ ಸಿಕ್ಕುವುದು ನುಣುಪು ಹಿಟ್ಟು. ಬೊಹೀಮಿಯದ ತಾಯಿಗೆ ಹಿಟ್ಟೆಂದರೆ ಯಾವ ಹಿಟ್ಟೆಂದು ಬರೆಯಬೇಕೆಂಬುದೇ ತೋಚಿರಲಿಲ್ಲ. ಕ್ನೆಡ್ಲಿಕ್‌ಗೆ ಬೇರೆ ಹಿಟ್ಟು ಹಾಕುವವರುಂಟೇ? ಮಗಳಿಗಾದರೂ ಇಪ್ಪತ್ತೆರಡರ ಪ್ರಾಯದವರೆಗೆ ಅಡಿಗೆಮನೆಯ ಡಬ್ಬಿಯಿಂದ ತೆಗೆದುಕೊಂಡೇ ಅಭ್ಯಾಸ. ಡಬ್ಬಿಗೆ ತುಂಬಿದವಳು ತಾಯಿ. ಕೈ ಏನನ್ನೂ ಮರೆತಿರಲಿಲ್ಲ.

“ತಪ್ಪು ಹಿಟ್ಟಿನದೇ?” ಎಂದು ಆಕೆ ಎರಡು ಬಾರಿ ಕೇಳಿದಳು.

“ಹಿಟ್ಟಿನದೇ. ಅಲ್ಲಿ ಮಾಡುವಾಗ ಮೂರು ಪಾಲು ಹಿಟ್ಟಿಗೆ ಒಂದು ಪಾಲು ಸಣ್ಣ ರವೆ ಬೆರೆಸಿಕೊ” ಎಂದಳು ಉಪಾಧ್ಯಾಯಿನಿ.

ಮನೆಯ ಗೂಡಿನಲ್ಲಿ ಮಗ್ದಲೇನಾ ದೊಬ್ರೊಮಿಲಾ ರೆಟ್ಟಿಗೊವಾ ಬರೆದ ಅಡಿಗೆಯ ಪುಸ್ತಕದ ಒಂದು ಪ್ರತಿಯಿತ್ತು. 1826ರಲ್ಲಿ ಮೊದಲು ಹೊರಬಂದ ಗ್ರಂಥ ಅದು. ಈ ಮಹಿಳೆಯ ವಿಷಯ ಎರಡು ಮಾತು ಹೇಳದೆ ಮುಂದೆ ಹೋಗುವುದು ಸರಿಯಲ್ಲ. ಆಸ್ಟ್ರಿಯದ ಚಕ್ರವರ್ತಿಗಳ ಆಳ್ವಿಕೆಯ ಕಾಲ. ಪಟ್ಟಣದ ಮರ್ಯಾದಸ್ಥರ ಮನೆಗಳಲ್ಲಿ ಜರ್ಮನ್ ನುಡಿಗೆ ಗೌರವ. ಚೆಕ್ ನುಡಿ ಆಳುಕಾಳುಗಳದೆಂಬ ಭಾವನೆ. ರೆಟ್ಟಿಗೊವಾ ಸ್ವತಃ ಜರ್ಮನ್ ಆಡಿಕೊಂಡು ಬೆಳೆದವಳು. ಚೆಕ್ ಭಾಷೆಯನ್ನು ಪ್ರಾಯಕ್ಕೆ ಬಂದ ಮೇಲೆ ಕಲಿತಳು. ಕಲಿತವಳು ಕಥೆ, ಕವಿತೆಗಳ ಜೊತೆಗೆ ಆ ಭಾಷೆಯಲ್ಲಿ ಅಡಿಗೆಯ ಪುಸ್ತಕವನ್ನೂ ಬರೆದಳು. ಲಿಟೊಮಿಶ್ಲ್ ಪಟ್ಟಣದ ತನ್ನ ಮನೆಯಲ್ಲಿ ಹುಡುಗಿಯರಿಗೆ ಅಡಿಗೆ ಹೇಳಿಕೊಡುತ್ತ ಅವರ ಕೈಗೆ ಚೆಕ್ ಪುಸ್ತಕಗಳನ್ನು ಕೊಟ್ಟು ಓದಿಸಿದಳು. 1845ರಲ್ಲಿ ತೀರಿಕೊಂಡಳು. ಆಕೆಯ ಕಥೆ, ಕವಿತೆಗಳನ್ನು ಈಗ ಓದುವವರು ವಿರಳ. ಅಡಿಗೆಯ ಪುಸ್ತಕ ಮಾತ್ರ ಮರುಮುದ್ರಣವಾಗುತ್ತಲೇ ಬಂದಿದೆ. ಸಾಹಿತಿಗಳು ಈ ಸಂಗತಿಯನ್ನು ಮನಸ್ಸಿಗೆ ಹಚ್ಚಿಕೊಳ್ಳಬಾರದು.

ಅವಳ ಕಾಲದ ಅಳತೆಗಳೂ ನಮ್ಮ ಪಾವು, ಸೇರುಗಳ ವಂಶದವು. ಝೈದ್ಲಿಕ್ ಎಂದರೆ ಹೆಚ್ಚುಕಡಮೆ ಅರ್ಧ ಲೀಟರು.

ಮೊದಲು ಆಲೂಗೆಡ್ಡೆಯ ಸಾರು. ಬೇರುತರಕಾರಿ ಬಾಡಿಸಿ, ಆಲೂಗೆಡ್ಡೆ, ಅಣಬೆ ಹಾಕಿ ಕುದಿಸಿ, ಬೆಣ್ಣೆಯಲ್ಲಿ ಹುರಿದ ಹಿಟ್ಟಿನಿಂದ ಗಟ್ಟಿಮಾಡಿ, ಕೊನೆಗೆ ಬೆಳ್ಳುಳ್ಳಿಯನ್ನೂ ಒಂದು ಒಣ ಸೊಪ್ಪನ್ನೂ ಅಂಗೈಯಲ್ಲಿ ಉಜ್ಜಿ ಉದುರಿಸುತ್ತಾರೆ. ಆ ಸೊಪ್ಪಿನ ಹೆಸರು ಮಯೊರಾಂಕಾ. ಅದು ಬೇರಾವುದೂ ಅಲ್ಲ, ಕನ್ನಡನಾಡಿನ ಹೆಂಗಸರು ಮಲ್ಲಿಗೆಯ ದಂಡೆಯ ನಡುವೆ ಕಟ್ಟಿಕೊಳ್ಳುವ ಮರುಗವೇ. ನಮ್ಮಲ್ಲಿ ಮುಡಿಗೇರಿದ್ದು ಅಲ್ಲಿ ಮಡಕೆಗೆ ಇಳಿದಿದೆ. ಗೊಜ್ಜಿನ ಸ್ಥಾನದಲ್ಲಿ ಸ್ವೀಚ್ಕೊವಾ. ದನದ ಮಾಂಸವನ್ನು ಬೇರುತರಕಾರಿ, ಲವಂಗದೆಲೆ, ಮೆಣಸಿನ ಜೊತೆ ಬೇಯಿಸಿ, ತರಕಾರಿಯನ್ನು ಅರೆದು ಕೆನೆ ಬೆರೆಸಿ ಮಾಡುವುದು. ಅದರ ಸಿಹಿ ಬಹುಮಟ್ಟಿಗೆ ಆ ಬೇರುಗಳಿಂದ ಬಂದುದೇ ಹೊರತು ಮಾಂಸದಿಂದಲ್ಲ. ಮಾಂಸವೊಲ್ಲದ ಇಬ್ಬರಿಗೆ ಬರಿಯ ತರಕಾರಿಯಲ್ಲಿಯೇ ಬೇರೊಂದು ಪಾತ್ರೆಯಲ್ಲಿ ಕುದಿಸಿದರು. ಅವರೇನೂ ನಷ್ಟಪಟ್ಟಂತೆ ಕಾಣಲಿಲ್ಲ.

ಅನಂತರ ಕ್ನೆಡ್ಲಿಕ್. ಭೋಜನಶಾಲೆಯ ಅಭ್ಯಾಸದಂತೆ ಉಪಾಧ್ಯಾಯಿನಿ ತಕ್ಕಡಿ ತಂದಿಟ್ಟಳು. ಉಳಿದ ಐವರಿಗೆ 500 ಗ್ರಾಂ ತರಿ ಹಿಟ್ಟು, 250 ಮಿಲಿಲೀಟರ್ ಉಗುರುಬೆಚ್ಚಗಿನ ಹಾಲು, 20 ಗ್ರಾಂ ಹಸಿ ಯೀಸ್ಟ್, ಒಂದು ಮೊಟ್ಟೆ, ಉಪ್ಪು ಎಂದು ಬರೆಸಿದಳು. ಕೆನಡದಾಕೆಯ ಮುಂದಿನಿಂದ ತಕ್ಕಡಿಯನ್ನು ಎತ್ತಿಬಿಟ್ಟಳು. “ನೀನು ಹಾಕುತ್ತ ಹೋಗು. ಸಾಕಾದಾಗ ಅದೇ ಹೇಳುತ್ತದೆ.”

ಹೇಳುವುದೆಂತು? ಮರದ ಸೌಟಿನಿಂದ ಹಿಟ್ಟನ್ನು ಬಡಿಯಬೇಕು. ಮೊದಮೊದಲು ಪಾತ್ರೆಯ ಗೋಡೆಗೆ, ಸೌಟಿಗೆ, ಬೆರಳಿಗೆ, ಎಲ್ಲಕ್ಕೂ ಹತ್ತಿಕೊಂಡು ಗೋಳುಗರೆಸುತ್ತದೆ. ಇನ್ನೊಂದು ಹಿಡಿ ಹಾಕಿಬಿಡೋಣ ಎನ್ನಿಸುವ ಹೊತ್ತು ಅದು. ಎಲ್ಲರೂ ಕೆಡುವುದು ಅಲ್ಲಿಯೇ. ಹಾಕದೆ ಹತ್ತು ನಿಮಿಷ ಬಡಿದರೆ, ತೋಳು ಸೋಲುವ ಹೊತ್ತಿಗೆ, ಹಿಟ್ಟು ಮೆಲ್ಲನೆ ಗೋಡೆ ಬಿಟ್ಟು ಒಂದಾಗಿ ಹೊಳೆಯತೊಡಗುತ್ತದೆ. ಆಕೆ ಎರಡು ಸಲ ಹಿಟ್ಟಿನ ಪೊಟ್ಟಣದ ಕಡೆಗೆ ಕೈಚಾಚಿದಳು. ಎರಡು ಸಲವೂ ಮುದುಕಿ ಏನೂ ಅನ್ನದೆ ಪೊಟ್ಟಣವನ್ನು ತುಸು ದೂರ ಸರಿಸಿದಳು. ಮೂರನೆಯ ಸಲ ಕೈ ತಾನಾಗಿಯೇ ಹಿಂದೆ ಬಂತು. ಬನ್ನಿನ ಚೂರುಗಳನ್ನು ಬೆರೆಸಿ, ಬಟ್ಟೆ ಮುಚ್ಚಿ, ಒಂದು ಗಂಟೆ ಬಿಟ್ಟರು.

ಆ ಬಿಡುವಿನಲ್ಲಿ ಆಕೆ ಕಾಗದವನ್ನು ತೆಗೆದು ತೋರಿಸಿದಳು. ಆಕೆಗೆ ಚೆಕ್ ಓದಲು ಬಾರದು. ತಾಯಿ ಮಗಳೊಡನೆ ಆ ಭಾಷೆ ಆಡುತ್ತಿದ್ದುದು ಕೋಪ ಬಂದಾಗ ಮಾತ್ರ. ಯಾರೋ ಪರಿಚಿತರು ಅಡಿಗೆಯ ಭಾಗವನ್ನಷ್ಟೇ ಇಂಗ್ಲಿಷಿಗೆ ಇಳಿಸಿಕೊಟ್ಟಿದ್ದರು. ಕೊನೆಯಲ್ಲಿ ‘ಒಂದು ಉರುಳೆ’ ಎಂದಿತ್ತು. ಆಕೆ ಯಾವಾಗಲೂ ಇಡೀ ಹಿಟ್ಟನ್ನು ಒಂದೇ ಉರುಳೆ ಮಾಡಿ ಬೇಯಿಸುತ್ತಿದ್ದಳು. ನಡುಭಾಗ ಹಸಿಯಾಗಿಯೇ ಉಳಿಯುತ್ತಿತ್ತು.

ಉಪಾಧ್ಯಾಯಿನಿ ಕನ್ನಡಕ ಏರಿಸಿ ಮೊದಲಿನಿಂದ ಓದಿದಳು. ಎಲ್ಲರೂ ಕ್ಷೇಮ. ಮಳೆ ಚೆನ್ನಾಗಿ ಬಿದ್ದಿದೆ. ಈ ವರ್ಷ ಅಣಬೆಗಳು ಬಹಳ ಎದ್ದಿವೆ, ತರುವವರಿಲ್ಲ. ಹಿಟ್ಟು ಹಿಡಿದಷ್ಟು. ನೀರಿಗೆ ಬಿಟ್ಟ ಮೇಲೆ ಇಪ್ಪತ್ತು ನಿಮಿಷ ಮುಚ್ಚಳ ತೆಗೆಯಬೇಡ, ನೋಡಬೇಕೆನಿಸಿದರೂ ತೆಗೆಯಬೇಡ. ಅಷ್ಟು ಓದಿ ಆಕೆ ಕೊನೆಯ ಸಾಲಿನ ಮೇಲೆ ಬೆರಳಿಟ್ಟು ನಿಂತಳು.

“ಇದು ಅಳತೆಯಲ್ಲ” ಎಂದಳು. “ನಾನು ಈಗ ಒಂದೇ ಉರುಳೆ ಮಾಡುತ್ತೇನೆ ಎಂದು ಬರೆದಿದ್ದಾಳೆ.”

ಐವರು ಪ್ರವಾಸಿಗಳಲ್ಲಿ ಒಬ್ಬ ಯುವಕ ಚಿತ್ರ ತೆಗೆಯುವುದಕ್ಕೆಂದು ಎತ್ತಿದ ಯಂತ್ರವನ್ನು ಮೆಲ್ಲನೆ ಇಳಿಸಿದ. ಉಪಾಧ್ಯಾಯಿನಿ ಕಾಗದವನ್ನು ಹಳೆಯ ಮಡಿಕೆಗಳ ಮೇಲೆಯೇ ಮಡಿಸಿ ಹಿಂದಕ್ಕೆ ಕೊಟ್ಟು, ಹಿಟ್ಟು ಉಬ್ಬಿದೆಯೇ ಎಂದು ಬಟ್ಟೆ ಎತ್ತಿ ನೋಡಿದಳು. ಉಬ್ಬಿತ್ತು.

ಹಿಟ್ಟನ್ನು ಎರಡು ಉರುಳೆ ಮಾಡಿದರು. ಅಗಲ ಪಾತ್ರೆಯ ಉಪ್ಪುನೀರಿನಲ್ಲಿ ಬಿಟ್ಟು ಮುಚ್ಚಳ ಹಾಕಿದರು. ಇಪ್ಪತ್ತು ನಿಮಿಷ ಯಾರೂ ತೆಗೆಯಲಿಲ್ಲ. ಹೊರತೆಗೆದ ಕೂಡಲೇ ಮುಳ್ಳುಚಮಚದಿಂದ ಅಲ್ಲಲ್ಲಿ ಚುಚ್ಚಿ ಹಬೆ ಬಿಡಬೇಕು. ಇಲ್ಲವಾದರೆ ಕುಸಿದು ಹೋಗುತ್ತದೆ. ಮೇಲೆ ತುಸು ಬೆಣ್ಣೆ ಸವರಬೇಕು. ಕತ್ತರಿಸುವುದಕ್ಕೆ ಚಾಕು ನಿಷಿದ್ಧ. ಬಟ್ಟೆಸೋಪಿನ ಕಟ್ಟಿಯನ್ನು ತಂತಿಯಿಂದ ತುಂಡರಿಸುತ್ತಿದ್ದ ಅಂಗಡಿಯವನ ಹಾಗೆ ಹೊಲಿಗೆಯ ದಾರವನ್ನು ಅಡಿಯಿಂದ ಸುತ್ತಿ, ಮೇಲೆ ಅಡ್ಡಹಾಯಿಸಿ ಎಳೆಯುತ್ತಾರೆ. ಬಿಲ್ಲೆ ನಲುಗದೆ ಬೀಳುತ್ತದೆ. ಮೊದಲ ಬಿಲ್ಲೆಯನ್ನು ಗೊಜ್ಜಿಗೂ ಕಾಯದೆ ಆಕೆ ಒಲೆಯ ಪಕ್ಕದಲ್ಲಿಯೇ ನಿಂತು ತಿಂದಳು. ಇದು ಅದೋ ಅಲ್ಲವೋ ಎಂದು ಹೇಳುವವರು ಯಾರೂ ಇರಲಿಲ್ಲ. ಆಕೆ ತಟ್ಟೆಯನ್ನು ಸರಿಸಲಿಲ್ಲವೆಂಬುದನ್ನು ಮಾತ್ರ ಎಲ್ಲರೂ ಕಂಡರು.

ಎರಡನೆಯ ಉರುಳೆಯನ್ನು ಉಪಾಧ್ಯಾಯಿನಿ ಒದ್ದೆ ಬಟ್ಟೆಯಲ್ಲಿ ಸುತ್ತಿ ಆಕೆಯ ಚೀಲದಲ್ಲಿಟ್ಟಳು. ಮರುದಿನ ಅದನ್ನು ಚೂರುಮಾಡಿ ಮೊಟ್ಟೆಯೊಡನೆ ಹುರಿದು ತಿನ್ನುವುದು ಆ ದೇಶದ ಎಲ್ಲ ಮನೆಗಳ ಪದ್ಧತಿ. ಆಕೆ ಇಳಿದುಕೊಂಡಿದ್ದ ಹೋಟೆಲಿನ ಕೋಣೆಯಲ್ಲಿ ಒಲೆಯಿರಲಿಲ್ಲ. ಆದರೂ ಬೇಡವೆನ್ನಲಿಲ್ಲ.